ಜಿನೋವಾ ಆಸ್ಪತ್ರೆಯ ಅಡುಗೆಮನೆಯವರು ಕಾಯಂ ಕೆಲಸ ಕೇಳಿದಾಗ: ಒಂದು ಪ್ರಕರಣ ಅಧ್ಯಯನ

ಇಟಲಿಯ ಬಂದರು ನಗರ ಜಿನೋವಾ. ಅಲ್ಲಿ ಸಾನ್ ಮಾರ್ತಿನೊ ಅನ್ನುವ ದೊಡ್ಡ ಸರ್ಕಾರಿ ಆಸ್ಪತ್ರೆ ಇದೆ. ಅದರ ಅಡುಗೆಮನೆಯಲ್ಲಿ ಇಬ್ಬರು ಗುತ್ತಿಗೆಯ ಮೇಲೆ ಕೆಲಸ ಮಾಡುತ್ತಿದ್ದರು. ಒಂದು ಗುತ್ತಿಗೆ ಮುಗಿಯುವಷ್ಟರಲ್ಲಿ ಇನ್ನೊಂದು, ಅದು ಮುಗಿಯುವಷ್ಟರಲ್ಲಿ ಮತ್ತೊಂದು. ಕೊನೆಯ ಗುತ್ತಿಗೆಗೆ ಸಹಿ ಬಿದ್ದದ್ದು 2002ರ ಜನವರಿಯಲ್ಲಿ. ಜುಲೈಯಲ್ಲಿ ಅದೂ ಮುಗಿಯಿತು. ಇಬ್ಬರೂ ಎಂದಿನಂತೆ ಡ್ಯೂಟಿಗೆ ಹಾಜರಾದರು. ಆಸ್ಪತ್ರೆ ಸೇರಿಸಿಕೊಳ್ಳಲಿಲ್ಲ.

ಅವರು ಜಿನೋವಾದ ಕೋರ್ಟಿಗೆ ಹೋದರು. ಕೇಳಿದ್ದು ಮೂರೇ. ನಮ್ಮನ್ನು ಕಾಯಂ ನೌಕರರು ಅಂತ ಘೋಷಿಸಿ, ಬಾಕಿ ಸಂಬಳ ಕೊಡಿಸಿ, ಆದ ನಷ್ಟ ತುಂಬಿಕೊಡಿ. ಈ ಕೇಸು ಲಕ್ಸೆಂಬರ್ಗ್‌ನಲ್ಲಿರುವ ಯುರೋಪಿಯನ್ ಒಕ್ಕೂಟದ ನ್ಯಾಯಾಲಯಕ್ಕೆ ಹೋಗಿ, ವಾಪಸ್ ಜಿನೋವಾಕ್ಕೆ ಬಂದು, ರೋಮ್‌ನ ಸರ್ವೋಚ್ಚ ಕೋರ್ಟ್ ಹತ್ತಿ, 2016ರ ಮಾರ್ಚ್‌ನಲ್ಲಿ ಅಲ್ಲಿಯೂ ತೀರ್ಪು ಕಂಡಿತು. ಹತ್ತಿರ ಹತ್ತಿರ ಹದಿನಾಲ್ಕು ವರ್ಷ.

ಎಲ್ಲೋ ಇಟಲಿಯ ಕೇಸು ನಮಗ್ಯಾಕೆ ಅಂತ ಅನ್ನಿಸಬಹುದು. ಕಾರಣ ಇದೆ. ಕರ್ನಾಟಕದಲ್ಲಿ ಗುತ್ತಿಗೆ ನೌಕರರ ಯಾವ ಸಭೆಗೆ ಹೋದರೂ ಕೇಳಿಬರುವ ಒಂದು ಹೆಸರು ಉಮಾದೇವಿ ತೀರ್ಪು. ತಾತ್ಕಾಲಿಕವಾಗಿ ಎಷ್ಟು ವರ್ಷ ದುಡಿದರೂ ಕಾಯಂ ಆಗುವ ಹಕ್ಕು ತಾನಾಗಿ ಬರುವುದಿಲ್ಲ ಅಂದ ತೀರ್ಪು ಅದು. ಕರ್ನಾಟಕದಿಂದಲೇ ಹೋದ ಆ ಕೇಸಿನಲ್ಲಿ ನಮ್ಮ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟದ್ದು 2006ರ ಏಪ್ರಿಲ್ 10ರಂದು. ಜಿನೋವಾ ಕೇಸಿನಲ್ಲಿ ಲಕ್ಸೆಂಬರ್ಗ್ ತೀರ್ಪು ಬಂದದ್ದು ಅದೇ ವರ್ಷ ಸೆಪ್ಟೆಂಬರ್ 7ರಂದು. ನಡುವೆ ಐದೇ ತಿಂಗಳು. ಎರಡೂ ಕೋರ್ಟುಗಳ ಮುಂದೆ ಇದ್ದ ಸಂಕಟ ಹೆಚ್ಚುಕಡಿಮೆ ಒಂದೇ. ಉತ್ತರದ ಮೊದಲ ಅರ್ಧವೂ ಒಂದೇ. ಎರಡನೇ ಅರ್ಧ ಬೇರೆ. ಆ ಎರಡನೇ ಅರ್ಧ ನಮ್ಮ ಆಸ್ಪತ್ರೆ ಕೆಲಸಗಾರರಿಗೆ ಗೊತ್ತಿರಬೇಕು ಅನ್ನುವುದಕ್ಕೇ ಈ ಬರಹ.

ಕಾನೂನು ಹೇಗಿತ್ತು

1999ರಲ್ಲಿ ಯುರೋಪಿಯನ್ ಒಕ್ಕೂಟ ಒಂದು ನಿರ್ದೇಶನ ಹೊರಡಿಸಿತ್ತು. ಕಾರ್ಮಿಕ ಸಂಘಟನೆಗಳು ಮತ್ತು ಮಾಲೀಕರ ಸಂಘಟನೆಗಳು ಕೂತು ಮಾಡಿಕೊಂಡ ಒಪ್ಪಂದವೇ ಅದರ ತಿರುಳು. ನಿಗದಿತ ಅವಧಿಯ ಗುತ್ತಿಗೆಯನ್ನು ಮೇಲಿಂದ ಮೇಲೆ ನವೀಕರಿಸಿ ಕಾರ್ಮಿಕರನ್ನು ದುಡಿಸಿಕೊಳ್ಳುವುದನ್ನು ಪ್ರತಿ ದೇಶವೂ ತಡೆಯಬೇಕು. ತಡೆಯಲು ಮೂರು ದಾರಿ ಹೇಳಿದ್ದರು. ನವೀಕರಣಕ್ಕೆ ನ್ಯಾಯವಾದ ಕಾರಣ ಇರಬೇಕು, ಅಥವಾ ಒಟ್ಟು ಇಷ್ಟೇ ವರ್ಷ ಅನ್ನುವ ಮಿತಿ ಇರಬೇಕು, ಅಥವಾ ಇಷ್ಟೇ ಸಲ ನವೀಕರಣ ಅನ್ನುವ ಮಿತಿ ಇರಬೇಕು. ಒಂದಾದರೂ ಇರಲೇಬೇಕು. 2001ರ ಜುಲೈ 10 ಕೊನೇ ದಿನಾಂಕ. ಇಟಲಿ ಸ್ವಲ್ಪ ತಡವಾಗಿ, 2001ರ ಸೆಪ್ಟೆಂಬರ್‌ನಲ್ಲಿ ಇದಕ್ಕೆ ಕಾನೂನು ಮಾಡಿತು.

ಆ ಕಾನೂನು ಕೆಲಸಗಾರರ ಪರವಾಗಿಯೇ ಇತ್ತು. ಆರು ತಿಂಗಳವರೆಗಿನ ಗುತ್ತಿಗೆ ಮುಗಿದು ಹತ್ತೇ ದಿನದೊಳಗೆ ಮತ್ತೆ ಗುತ್ತಿಗೆ ಕೊಟ್ಟರೆ ಎರಡನೆಯದು ಕಾಯಂ ಕೆಲಸ ಅಂತಲೇ ಲೆಕ್ಕ. ಅದಕ್ಕಿಂತ ಉದ್ದದ ಗುತ್ತಿಗೆಯಾದರೆ ಇಪ್ಪತ್ತು ದಿನ. ನಡುವೆ ಒಂದು ದಿನವೂ ಬಿಡುವಿಲ್ಲದೆ ಎರಡು ಗುತ್ತಿಗೆ ಆದರೆ ಮೊದಲ ಗುತ್ತಿಗೆಯ ಮೊದಲ ದಿನದಿಂದಲೇ ಕಾಯಂ. ಅಡುಗೆಮನೆಯ ಇಬ್ಬರೂ ಹಿಡಿದದ್ದು ಈ ನಿಯಮವನ್ನೇ. ಅವರ ಕೊನೆಯ ಗುತ್ತಿಗೆ ಈ ಕಾನೂನು ಬಂದ ಮೇಲಿನದು. ಹಿಂದಿನ ಗುತ್ತಿಗೆಗೂ ಇದಕ್ಕೂ ನಡುವೆ ಕಾನೂನು ಕೇಳುವಷ್ಟು ಅಂತರವೂ ಇರಲಿಲ್ಲ. ಖಾಸಗಿ ಆಸ್ಪತ್ರೆಯಾಗಿದ್ದರೆ ಕೇಸು ಅಲ್ಲಿಗೇ ಗೆದ್ದ ಹಾಗೆ.

ಆದರೆ ಅದು ಸರ್ಕಾರಿ ಆಸ್ಪತ್ರೆ. ಇಟಲಿಯ ಸಂವಿಧಾನದ 97ನೇ ವಿಧಿ, ಸರ್ಕಾರಿ ಕೆಲಸಕ್ಕೆ ಸ್ಪರ್ಧಾತ್ಮಕ ಆಯ್ಕೆಯ ಮೂಲಕವೇ ಸೇರಬೇಕು ಅನ್ನುತ್ತದೆ. ಕಾನೂನು ವಿನಾಯಿತಿ ಕೊಟ್ಟ ಕಡೆ ಮಾತ್ರ ಬೇರೆ ದಾರಿ. ಇದರ ಜೊತೆಗೆ 2001ರ ಮಾರ್ಚ್‌ನಲ್ಲಿ ಹೊರಟ 165ನೇ ನಂಬರಿನ ಶಾಸನ ಇತ್ತು. ಅದರ 36ನೇ ಕಲಮು ಇನ್ನೂ ನೇರ. ನೇಮಕಾತಿ ನಿಯಮ ಮುರಿದು ಸರ್ಕಾರಿ ಸಂಸ್ಥೆ ಯಾರನ್ನಾದರೂ ದುಡಿಸಿಕೊಂಡರೆ, ಆ ಕಾರಣಕ್ಕೆ ಅವರು ಕಾಯಂ ಆಗುವುದಿಲ್ಲ. ನಷ್ಟ ಪರಿಹಾರ ಮಾತ್ರ ಕೇಳಬಹುದು.

ಅದೇ ಕಲಮಿನಲ್ಲಿ ಇನ್ನೊಂದು ಮಾತು ಇದೆ. ನಾನು ಓದಿ ಅಲ್ಲೇ ನಿಂತೆ. ಹಾಗೆ ಕೊಟ್ಟ ಪರಿಹಾರದ ಹಣವನ್ನು, ಬೇಕಂತಲೇ ಅಥವಾ ತೀರಾ ಬೇಜವಾಬ್ದಾರಿಯಿಂದ ನಿಯಮ ಮುರಿದ ಅಧಿಕಾರಿಯಿಂದಲೇ ಸಂಸ್ಥೆ ವಸೂಲಿ ಮಾಡಬೇಕು. ಗುತ್ತಿಗೆ ಪತ್ರಕ್ಕೆ ಸಹಿ ಹಾಕಿದವರ ಜೇಬಿಗೇ ಬರುವ ಮಾತು. ನಮ್ಮಲ್ಲಿ ವರ್ಷಾನುಗಟ್ಟಲೆ ಟೆಂಡರ್ ನವೀಕರಿಸಿದ ಕಡತಗಳಿಗೆ ಸಹಿ ಹಾಕಿದವರನ್ನು ಯಾರಾದರೂ ಈ ಪ್ರಶ್ನೆ ಕೇಳಿದ್ದಾರಾ? 

ಲಕ್ಸೆಂಬರ್ಗ್ ಏನು ಹೇಳಿತು

ಜಿನೋವಾದ ನ್ಯಾಯಾಧೀಶರಿಗೆ ಗೊಂದಲವಾಯಿತು. ಇಟಲಿಯ ಸಂವಿಧಾನ ನ್ಯಾಯಾಲಯ 2003ರಲ್ಲೇ 36ನೇ ಕಲಮನ್ನು ಎತ್ತಿ ಹಿಡಿದಿತ್ತು. ಸರ್ಕಾರಿ ಕೆಲಸ ಖಾಸಗಿ ಕೆಲಸದಂತಲ್ಲ, ಸ್ಪರ್ಧೆಯ ಮೂಲಕ ಬರುವುದೇ ಅದರ ಗುಣ ಅಂತ. ಆದರೆ ಯುರೋಪಿನ ನಿರ್ದೇಶನ ಸರ್ಕಾರಿ, ಖಾಸಗಿ ಅಂತ ಭೇದ ಮಾಡಿರಲಿಲ್ಲ. ಹಾಗಾಗಿ 2004ರಲ್ಲಿ ಅವರು ಪ್ರಶ್ನೆಯನ್ನು ಲಕ್ಸೆಂಬರ್ಗ್‌ಗೆ ಕಳಿಸಿದರು. ಅಲ್ಲಿ ಅದರ ನಂಬರ್ ಸಿ-53/04. ಅದೇ ಆಸ್ಪತ್ರೆಯ ಒಬ್ಬ ಅಡುಗೆಯವರ ಕೇಸೂ ಜೊತೆಯಲ್ಲೇ ನಡೆಯಿತು, ಸಿ-180/04. ಅವರ ಕಥೆ ಇನ್ನೂ ಗಟ್ಟಿ. ಸಾರ್ವಜನಿಕ ಸ್ಪರ್ಧೆಯಲ್ಲಿ ಪಾಲ್ಗೊಂಡು ಅರ್ಹರ ಪಟ್ಟಿಯಲ್ಲಿ ಹೆಸರು ಬಂದವರು. 2001ರ ಜುಲೈಯಲ್ಲಿ ಆರು ತಿಂಗಳಿಗೆ ಸೇರಿಸಿಕೊಂಡು, 2002ರ ಜನವರಿಯಲ್ಲಿ ಮತ್ತೆ ಜುಲೈವರೆಗೆ ಮುಂದುವರಿಸಿ, ಆಮೇಲೆ ಬಿಟ್ಟರು.

ತೀರ್ಪು ಎರಡು ಭಾಗದಲ್ಲಿ ಬಂತು. ಸರ್ಕಾರಿ ಸಂಸ್ಥೆಯಲ್ಲಿ ಕೆಲಸ ಕಾಯಂ ಆಗುವಂತಿಲ್ಲ ಅಂತ ಒಂದು ದೇಶ ಕಾನೂನು ಮಾಡಿಕೊಂಡರೆ ಅದು ತಾನಾಗಿಯೇ ತಪ್ಪಲ್ಲ. ಇದು ಮೊದಲ ಭಾಗ. ಇಲ್ಲಿಗೆ ನಿಂತಿದ್ದರೆ ಕೆಲಸಗಾರರ ಕೈ ಖಾಲಿ. ಎರಡನೇ ಭಾಗ ಹೀಗಿದೆ. ಕಾಯಂ ಮಾಡುವುದನ್ನು ಬಾಗಿಲು ಹಾಕಿ ನಿಲ್ಲಿಸುವ ದೇಶ, ಗುತ್ತಿಗೆಯ ದುರುಪಯೋಗವನ್ನು ತಡೆಯುವ ಮತ್ತು ಆದ ದುರುಪಯೋಗಕ್ಕೆ ಶಿಕ್ಷೆ ಕೊಡುವ ಇನ್ನೊಂದು ಪರಿಣಾಮಕಾರಿ ಕ್ರಮವನ್ನು ಇಟ್ಟುಕೊಂಡಿರಲೇಬೇಕು. ಆ ಕ್ರಮ ತಪ್ಪಿಗೆ ತಕ್ಕಷ್ಟಿರಬೇಕು, ಮತ್ತೆ ಅದೇ ತಪ್ಪು ಮಾಡದಂತೆ ಬಿಸಿ ಮುಟ್ಟಿಸುವಷ್ಟಿರಬೇಕು. ಇಟಲಿಯ ಪರಿಹಾರ ನಿಜಕ್ಕೂ ಅಷ್ಟು ಗಟ್ಟಿಯಾ ಅಂತ ತೀರ್ಮಾನಿಸುವುದು ಜಿನೋವಾ ಕೋರ್ಟಿನ ಕೆಲಸ.

ಹುದ್ದೆ ಕೊಡುವುದಿಲ್ಲ ಅನ್ನುವುದು ಒಂದು ಪ್ರಶ್ನೆಗೆ ಉತ್ತರ. ದುಡಿಸಿಕೊಂಡ ತಪ್ಪಿಗೆ ಯಾರು ತೆರಬೇಕು ಅನ್ನುವುದು ಬೇರೆಯೇ ಪ್ರಶ್ನೆ. ಲಕ್ಸೆಂಬರ್ಗ್ ಈ ಎರಡನ್ನೂ ಬಿಡಿಸಿಟ್ಟಿತು.

ಅದೇ ವರ್ಷ, ದೆಹಲಿಯಲ್ಲಿ

ಈಗ ನಮ್ಮ ಕಡೆಗೆ, ಉಮಾದೇವಿ ಕೇಸಿಗೆ ಬರೋಣ. ಕರ್ನಾಟಕ ಸರ್ಕಾರ 1984ರ ಜುಲೈ 1ರಿಂದ ದಿನಗೂಲಿ ನೇಮಕ ಬೇಡ ಅಂದಿತ್ತು. ಆ ದಿನಾಂಕಕ್ಕಿಂತ ಮುಂಚೆ ಸೇರಿದವರ ಪರವಾಗಿ ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ದಿನಗೂಲಿ ನೌಕರರ ಸಂಘ ಹೋರಾಡಿ, 1990ರಲ್ಲಿ ಸುಪ್ರೀಂ ಕೋರ್ಟಿನಿಂದ ಕಾಯಂ ಯೋಜನೆ ಪಡೆದಿತ್ತು. ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಯವರು ಸೇರಿದ್ದು 1985-86ರಲ್ಲಿ. ನಿಷೇಧದ ಆಚೆ ದಡದಲ್ಲಿ ಸಿಕ್ಕಿಕೊಂಡರು. ಹತ್ತು ವರ್ಷಕ್ಕೂ ಜಾಸ್ತಿ ದುಡಿದ ಮೇಲೆ ಹೈಕೋರ್ಟ್ ಅವರ ಕೈ ಹಿಡಿಯಿತು. ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಸರ್ಕಾರದ ಮಾತನ್ನು ಬಹುಪಾಲು ಒಪ್ಪಿತು. ತೀರ್ಪು ಬರೆದವರು ನ್ಯಾಯಮೂರ್ತಿ ಪಿ.ಕೆ. ಬಾಲಸುಬ್ರಮಣ್ಯನ್.

ಅವರ ವಾದ ಜಿನೋವಾ ಆಸ್ಪತ್ರೆಯ ವಾದದಂತೆಯೇ ಇದೆ. ಸಂವಿಧಾನದ 14 ಮತ್ತು 16ನೇ ವಿಧಿಗಳ ಪ್ರಕಾರ ಸರ್ಕಾರಿ ಕೆಲಸಕ್ಕೆ ಎಲ್ಲರಿಗೂ ಸಮಾನ ಅವಕಾಶ. ಹಿಂಬಾಗಿಲಿನಿಂದ ಬಂದವರನ್ನು ಕಾಯಂ ಮಾಡಿದರೆ, ಅರ್ಜಿ ಹಾಕಲು ಕಾದು ಕೂತವರಿಗೆ ಮೋಸ. ಎಷ್ಟು ವರ್ಷ ದುಡಿದರೂ ದುಡಿಮೆಯೊಂದರಿಂದಲೇ ಹಕ್ಕು ಹುಟ್ಟುವುದಿಲ್ಲ. ಕೆಲಸಕ್ಕೆ ಬಂದವರು ಅದು ತಾತ್ಕಾಲಿಕ ಅಂತ ಗೊತ್ತಿದ್ದೇ ಬಂದರು.

ಈ ವಾದದ ಅರ್ಧ ಭಾಗವನ್ನು ನಾನು ಒಪ್ಪುತ್ತೇನೆ. ಧಾರವಾಡದಲ್ಲಿ ರೂಮು ಮಾಡಿಕೊಂಡು, ಕೋಚಿಂಗ್ ಸೇರಿ, ಪರೀಕ್ಷೆಗೆ ಓದುವ ಹಳ್ಳಿ ಮಕ್ಕಳಿಗೂ ಆ ಹುದ್ದೆಯ ಮೇಲೆ ಹಕ್ಕಿದೆ. ಮೀಸಲಾತಿಯ ಲೆಕ್ಕ ತಪ್ಪಬಾರದು ಅನ್ನುವುದೂ ಸರಿ. ಆದರೆ ಗೊತ್ತಿದ್ದೇ ಬಂದರು ಅನ್ನುವ ಮಾತನ್ನು ಒಪ್ಪಲಾರೆ. ಮನೆಯಲ್ಲಿ ಒಲೆ ಉರಿಯಬೇಕಾದವರಿಗೆ ಆಯ್ಕೆ ಎಲ್ಲಿತ್ತು? ಇನ್ನೊಂದು ಕಡೆ, ಹುದ್ದೆ ಖಾಲಿ ಇಟ್ಟುಕೊಂಡು ಅಧಿಸೂಚನೆ ಹೊರಡಿಸದೆ ಇದ್ದದ್ದು ಸರ್ಕಾರ. ಓದುವ ಮಕ್ಕಳಿಗೂ ದುಡಿಯುವವರಿಗೂ ಒಟ್ಟಿಗೆ ಅನ್ಯಾಯ ಮಾಡಿದ್ದು ಅದೇ.

ಉಮಾದೇವಿ ತೀರ್ಪಿನಲ್ಲಿ ಕೆಲಸಗಾರರಿಗೆ ಏನೂ ಸಿಗಲಿಲ್ಲ ಅಂತ ಸುಮ್ನೆ ಹೇಳಿಬಿಡುತ್ತಾರೆ. ಹಾಗಲ್ಲ. 53ನೇ ಪ್ಯಾರಾ ಎಲ್ಲರೂ ಕೇಳಿದ್ದಾರೆ. ಮಂಜೂರಾದ ಖಾಲಿ ಹುದ್ದೆಯಲ್ಲಿ, ಕೋರ್ಟಿನ ಆದೇಶದ ಬಲವಿಲ್ಲದೆ, ಹತ್ತು ವರ್ಷ ದುಡಿದವರಿದ್ದು ಅವರ ನೇಮಕದಲ್ಲಿ ಕ್ರಮ ತಪ್ಪಿದೆಯೇ ಹೊರತು ಅದು ಪೂರ್ತಿ ಕಾನೂನುಬಾಹಿರವಲ್ಲ ಅಂತಾದರೆ, ಅವರನ್ನು ಒಂದು ಸಲಕ್ಕೆ ಕಾಯಂ ಮಾಡಬಹುದು. 2010ರಲ್ಲಿ ಎಂ.ಎಲ್. ಕೇಸರಿ ಪ್ರಕರಣದಲ್ಲಿ, ಅದೂ ಕರ್ನಾಟಕದ್ದೇ, ಸುಪ್ರೀಂ ಕೋರ್ಟ್ ಇನ್ನಷ್ಟು ಬಿಡಿಸಿ ಹೇಳಿತು. ಅರ್ಹರೆಲ್ಲರ ಪರಿಶೀಲನೆ ಮುಗಿಯುವವರೆಗೆ ಆ ಒಂದು ಸಲ ಅನ್ನುವುದು ಮುಗಿಯುವುದಿಲ್ಲ.

55ನೇ ಪ್ಯಾರಾವನ್ನು ಮಾತ್ರ ಯಾರೂ ನೆನೆಯುವುದಿಲ್ಲ. ವಾಣಿಜ್ಯ ತೆರಿಗೆ ಇಲಾಖೆಯ ಆ ದಿನಗೂಲಿಯವರಿಗೆ, ಹೈಕೋರ್ಟ್ ತೀರ್ಪಿನ ದಿನದಿಂದ, ಅದೇ ವೃಂದದ ಅತಿ ಕೆಳಗಿನ ದರ್ಜೆಯ ಸಂಬಳಕ್ಕೆ ಸಮನಾದ ಕೂಲಿ ಕೊಡಿ ಅಂತ ಕೋರ್ಟ್ ಹೇಳಿತು. ಹುದ್ದೆಗಳು ಖಾಲಿ ಇದ್ದರೆ ಕೂಡಲೇ ಭರ್ತಿಗೆ ಮುಂದಾಗಿ, ಇವರಿಗೂ ಸ್ಪರ್ಧಿಸಲು ಬಿಡಿ, ವಯಸ್ಸಿನ ಮಿತಿ ಸಡಿಲಿಸಿ, ದುಡಿದ ಅನುಭವಕ್ಕೆ ಒಂದಿಷ್ಟು ತೂಕ ಕೊಡಿ ಅಂತಲೂ ಹೇಳಿತು. ಸರ್ಕಾರಿ ವಕೀಲರು ತೀರ್ಪಿನ ಮೊದಲ ಭಾಗವನ್ನು ಓದಿ ಕೂರುತ್ತಾರೆ. ನಮ್ಮವರು ಈ ಪ್ಯಾರಾವನ್ನು ಎದ್ದು ನಿಂತು ಓದಬೇಕು.

ಇಷ್ಟಾದರೂ ಒಂದು ಕೊರತೆ ಉಳಿಯಿತು. ಇಪ್ಪತ್ತು ವರ್ಷ ತಾತ್ಕಾಲಿಕ ಅಂತ ದುಡಿಸಿಕೊಂಡ ಸರ್ಕಾರಕ್ಕೆ ಏನು ದಂಡ? ಉಮಾದೇವಿ ತೀರ್ಪಿನಲ್ಲಿ ಇದಕ್ಕೆ ಉತ್ತರವಿಲ್ಲ. ದಂಡವಿಲ್ಲದ ಕಾರಣ ಸರ್ಕಾರಗಳು ದಿನಗೂಲಿ ಬಿಟ್ಟು ಹೊರಗುತ್ತಿಗೆ ಹಿಡಿದವು.

ಜಿನೋವಾದಲ್ಲಿ ಹಣದ ಲೆಕ್ಕ

ಲಕ್ಸೆಂಬರ್ಗ್‌ನಿಂದ ವಾಪಸ್ ಬಂದ ಕೇಸಿನಲ್ಲಿ ಜಿನೋವಾ ಕೋರ್ಟ್ ಏನು ಮಾಡಿತು ಅನ್ನುವುದು ನೋಡಬೇಕಾದ ವಿಷಯ. ಕಾಯಂ ಮಾಡಲು ಆಗುವುದಿಲ್ಲ ಅಂತ ಒಪ್ಪಿಕೊಂಡಿತು. ಪರಿಹಾರ ಎಷ್ಟು ಅನ್ನುವುದಕ್ಕೆ ಅಳತೆ ಹುಡುಕಿತು. ಇಟಲಿಯ 1970ರ ಕಾರ್ಮಿಕ ಕಾನೂನಿನ 18ನೇ ಕಲಮಿನಲ್ಲಿ ಒಂದು ಅಳತೆ ಇತ್ತು. ಅನ್ಯಾಯವಾಗಿ ಕೆಲಸದಿಂದ ತೆಗೆದವರಿಗೆ ಕನಿಷ್ಠ ಐದು ತಿಂಗಳ ಸಂಬಳ. ಅವರು ವಾಪಸ್ ಕೆಲಸಕ್ಕೆ ಬರುವ ಬದಲು ಹಣವೇ ಸಾಕು ಅಂದರೆ ಇನ್ನೂ ಹದಿನೈದು ತಿಂಗಳ ಸಂಬಳ. ಕಾಯಂ ಕೆಲಸಕ್ಕೆ ಶಾಸನವೇ ಕಟ್ಟಿದ ಬೆಲೆ ಅದು ಅಂತ ಕೋರ್ಟ್ ನೋಡಿತು. ಎರಡೂ ಸೇರಿಸಿ ಒಬ್ಬೊಬ್ಬರಿಗೆ ಇಪ್ಪತ್ತು ತಿಂಗಳ ಸಂಬಳ. ಮೇಲ್ಮನವಿ ಕೋರ್ಟೂ ಇದನ್ನು ಒಪ್ಪಿತು.

ಆಸ್ಪತ್ರೆ ಬಿಡಲಿಲ್ಲ. ರೋಮ್‌ಗೆ ಹೋಯಿತು. 2016ರ ಮಾರ್ಚ್ 15ರಂದು ಅಲ್ಲಿನ ಕಸ್ಸಾತ್ಸಿಯೋನೆ ಅನ್ನುವ ಸರ್ವೋಚ್ಚ ಕೋರ್ಟಿನ ವಿಸ್ತೃತ ಪೀಠ 5072ನೇ ನಂಬರಿನ ತೀರ್ಪಿನಲ್ಲಿ ಆ ಅಳತೆಯನ್ನು ತಳ್ಳಿಹಾಕಿತು. ಅವರ ತರ್ಕ ಹೀಗೆ. ಸ್ಪರ್ಧೆ ಗೆಲ್ಲದೆ ಆ ಕಾಯಂ ಕೆಲಸ ಇವರಿಗೆ ಕಾನೂನುಬದ್ಧವಾಗಿ ಬರುವಂತೆಯೇ ಇರಲಿಲ್ಲ. ಬರಲಾರದ ಕೆಲಸ ಕಳೆದುಕೊಂಡರು ಅಂತ ಹೇಳುವುದು ಹೇಗೆ? ಕಳೆದುಕೊಂಡದ್ದು ಅವಕಾಶ. ಗುತ್ತಿಗೆಯಲ್ಲಿ ಸಿಕ್ಕಿಕೊಳ್ಳದೆ ಇದ್ದಿದ್ದರೆ ಬೇರೆ ಕಡೆ ಭದ್ರವಾದ ಕೆಲಸ ಹುಡುಕುತ್ತಿದ್ದರು, ಪರೀಕ್ಷೆಗೆ ತಯಾರಾಗುತ್ತಿದ್ದರು. ಆ ನಷ್ಟಕ್ಕೆ, 2010ರ ಒಂದು ಕಾನೂನಿನ ಅಳತೆ ಹಿಡಿದು, ಎರಡೂವರೆ ತಿಂಗಳಿಂದ ಹನ್ನೆರಡು ತಿಂಗಳವರೆಗಿನ ಸಂಬಳ. ಒಂದು ಒಳ್ಳೆಯ ಅಂಶವನ್ನೂ ಸೇರಿಸಿದರು. ಈ ಮೊತ್ತ ಪಡೆಯಲು ಕೆಲಸಗಾರ ತನಗೆ ನಷ್ಟ ಆಗಿದೆ ಅಂತ ಸಾಕ್ಷಿ ಒದಗಿಸಬೇಕಿಲ್ಲ. ದುರುಪಯೋಗ ಆಗಿದೆ ಅಂತ ತೋರಿಸಿದರೆ ಸಾಕು. ಅದಕ್ಕಿಂತ ಜಾಸ್ತಿ ನಷ್ಟ ಆಗಿದ್ದರೆ ಅದನ್ನು ಸಾಬೀತು ಮಾಡಿ ಕೇಳಬಹುದು. 2018ರಲ್ಲಿ ಇನ್ನೊಂದು ಕೇಸಿನಲ್ಲಿ ಲಕ್ಸೆಂಬರ್ಗ್ ಕೋರ್ಟ್ ಈ ಪದ್ಧತಿ ನಡೆಯುತ್ತದೆ ಅಂದಿತು.

ನನಗೆ ಜಿನೋವಾ ಕೋರ್ಟಿನ ಲೆಕ್ಕವೇ ನ್ಯಾಯ ಅನ್ನಿಸುತ್ತದೆ. ರೋಮ್‌ನ ತರ್ಕದಲ್ಲಿ ಬಿರುಕಿಲ್ಲ, ನಿಜ. ಆದರೆ ವರ್ಷಕ್ಕೆ ಒಂದೆರಡು ಸಲ ಹೊಸ ಗುತ್ತಿಗೆ ಕೊಡುವ ಆಸ್ಪತ್ರೆಗೆ ಎರಡೂವರೆ ತಿಂಗಳ ಸಂಬಳ ಯಾವ ಲೆಕ್ಕ? ಅದನ್ನು ಖರ್ಚಿನ ಬಾಬ್ತಿಗೆ ಸೇರಿಸಿಕೊಂಡು ಮುಂದೆ ಹೋಗುತ್ತದೆ. ಯುರೋಪಿಯನ್ ಒಕ್ಕೂಟದ ಆಡಳಿತ ಮಂಡಳಿಯಾದ ಯುರೋಪಿಯನ್ ಕಮಿಷನ್ನಿನ ಒತ್ತಡವೂ ಇಟಲಿಯ ಮೇಲೆ ಇತ್ತು. 2024ರ ಸೆಪ್ಟೆಂಬರ್‌ನಲ್ಲಿ ಇಟಲಿ ಸರ್ಕಾರ ಸುಗ್ರೀವಾಜ್ಞೆ ಹೊರಡಿಸಿ ಪರಿಹಾರವನ್ನು ನಾಲ್ಕರಿಂದ ಇಪ್ಪತ್ನಾಲ್ಕು ತಿಂಗಳಿಗೆ ಏರಿಸಿತು. ಜಿನೋವಾ ನ್ಯಾಯಾಧೀಶರು ಕೊಟ್ಟಿದ್ದ ಇಪ್ಪತ್ತು ತಿಂಗಳು ಈಗ ಆ ಮಿತಿಯೊಳಗೇ ಬರುತ್ತದೆ.

ನಮ್ಮ ಆಸ್ಪತ್ರೆಯ ಕೆಲಸಗಾರರು ಎಲ್ಲಿ ನಿಂತಿದ್ದಾರೆ

ಜಿನೋವಾದ ಇಬ್ಬರಿಗೂ ಒಂದು ಅನುಕೂಲ ಇತ್ತು. ಗುತ್ತಿಗೆ ಪತ್ರದಲ್ಲಿ ಆಸ್ಪತ್ರೆಯ ಹೆಸರೇ ಇತ್ತು. ನಮ್ಮ ಸರ್ಕಾರಿ ಆಸ್ಪತ್ರೆಗಳಲ್ಲಿ ನೆಲ ಒರೆಸುವವರು, ಆಯಾಗಳು, ವಾರ್ಡ್ ಬಾಯ್‌ಗಳು, ಸೆಕ್ಯುರಿಟಿಯವರು, ಡೇಟಾ ಎಂಟ್ರಿಯವರು ಬಹಳಷ್ಟು ಮಂದಿ ಏಜೆನ್ಸಿಯ ಮೂಲಕ ಬಂದವರು. ಕಾಗದದ ಮೇಲೆ ಅವರು ಆಸ್ಪತ್ರೆಯವರೇ ಅಲ್ಲ. ಹಾಗಾಗಿ ಅವರಿಗೆ ಒಂದಲ್ಲ, ಎರಡು ಗೋಡೆ. ಉಮಾದೇವಿ ಎರಡನೆಯದು. ಮೊದಲನೆಯದು ಸ್ಟೀಲ್ ಅಥಾರಿಟಿ ಪ್ರಕರಣದಲ್ಲಿ 2001ರ ಆಗಸ್ಟ್ 30ರಂದು ಬಂದ ಸಂವಿಧಾನ ಪೀಠದ ತೀರ್ಪು. ಗುತ್ತಿಗೆ ಕಾರ್ಮಿಕ ಪದ್ಧತಿಯನ್ನು ಒಂದು ಕೆಲಸದಲ್ಲಿ ನಿಷೇಧಿಸಿದ ಮಾತ್ರಕ್ಕೆ ಕಾರ್ಮಿಕರು ತಾವಾಗಿಯೇ ಮೂಲ ಮಾಲೀಕನ, ಇಲ್ಲಿ ಆಸ್ಪತ್ರೆಯ, ನೌಕರರಾಗುವುದಿಲ್ಲ ಅಂತ ಅದು ಹೇಳುತ್ತದೆ. ಗುತ್ತಿಗೆದಾರ ಬರೀ ನೆಪ ಅಂತ ಕಾರ್ಮಿಕ ನ್ಯಾಯಮಂಡಳಿಯ ಮುಂದೆ ಸಾಬೀತಾದರೆ ಮಾತ್ರ ಬಾಗಿಲು ತೆರೆಯುತ್ತದೆ.

ಸಾಬೀತು ಮಾಡುವುದು ಹೇಗೆ? ಯಾರು ನೇಮಿಸಿದರು, ಸಂಬಳ ಯಾರದು, ತೆಗೆದು ಹಾಕುವ ಅಧಿಕಾರ ಯಾರದು, ಶಿಸ್ತು ಕ್ರಮ ಯಾರದು, ದಿನದ ಕೆಲಸ ಯಾರು ಹೇಳುತ್ತಾರೆ ಅನ್ನುವುದನ್ನು ಕೋರ್ಟ್ ನೋಡುತ್ತದೆ. ಕಾಗದಗಳು ಮಾತಾಡಬೇಕು. ಇಂಥ ಕೆಲಸಗಾರರ ಪಿಎಫ್ ಪಾಸ್‌ಬುಕ್ ಒಂದನ್ನು ತೆರೆದು ನೋಡಿ. ಯುಎಎನ್, ಅಂದರೆ ಕೆಲಸಗಾರರ ಪಿಎಫ್ ಗುರುತಿನ ನಂಬರ್, ಒಂದೇ. ಅದರ ಕೆಳಗೆ ಮೂರು, ನಾಲ್ಕು ಮೆಂಬರ್ ಐಡಿ. ಪ್ರತಿಯೊಂದರ ಎದುರು ಬೇರೆ ಏಜೆನ್ಸಿಯ ಹೆಸರು. ಟೆಂಡರ್ ಬದಲಾದಾಗ ಏಜೆನ್ಸಿ ಬದಲಾಗಿದೆ, ಆಸ್ಪತ್ರೆ ಅದೇ, ವಾರ್ಡ್ ಅದೇ, ಮನುಷ್ಯ ಅದೇ. ಹಳೇ ಏಜೆನ್ಸಿ ಹೋಗಿ ಹೊಸದು ಬರುವ ನಡುವೆ ಎಷ್ಟೋ ಸಲ ಒಂದೆರಡು ತಿಂಗಳ ಪಿಎಫ್ ಕಟ್ಟಿರುವುದಿಲ್ಲ. ಅದೇ ತಿಂಗಳ ವಾರ್ಡ್ ಡ್ಯೂಟಿ ಲಿಸ್ಟ್ ಸಿಕ್ಕರೆ ನೋಡಿ. ಸಿಸ್ಟರ್ ಕೈಬರಹದಲ್ಲಿ ನೈಟ್ ಡ್ಯೂಟಿಯ ಎದುರು ಆ ಹೆಸರು ಇರುತ್ತದೆ. ಏಜೆನ್ಸಿಯೇ ಇಲ್ಲದ ತಿಂಗಳಲ್ಲಿ ಡ್ಯೂಟಿ ಹಾಕಿದವರು ಯಾರು? ಗುತ್ತಿಗೆ ನೆಪ ಅಂತ ಹೇಳಲು ಇಂಥ ಒಂದು ಹಾಳೆ ಹತ್ತು ಪುಟದ ವಾದಕ್ಕಿಂತ ಬಲ.

ಕಾರ್ಮಿಕ ನ್ಯಾಯಮಂಡಳಿಗೆ ಹೋಗುವ ದಾರಿ ಆಸ್ಪತ್ರೆಯವರಿಗೆ ತೆರೆದದ್ದೂ ಆಸ್ಪತ್ರೆ ಕೆಲಸಗಾರರಿಂದಲೇ. ಮುಂಬಯಿಯ ಜೆ.ಜೆ. ಆಸ್ಪತ್ರೆ ಸಮೂಹದ ವಾರ್ಡ್ ಕೆಲಸಗಾರರ ಪರವಾಗಿ ಹಾಸ್ಪಿಟಲ್ ಮಜ್ದೂರ್ ಸಭಾ ಹೂಡಿದ ಕೇಸಿನಲ್ಲಿ, ಆಸ್ಪತ್ರೆಯೂ ಆಗಿನ ಕೈಗಾರಿಕಾ ವಿವಾದ ಕಾಯ್ದೆಯ ಅರ್ಥದಲ್ಲಿ ಉದ್ಯಮವೇ ಅಂತ 1960ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ನಡುವೆ 1970ರಲ್ಲಿ ಸಫ್ದರ್‌ಜಂಗ್ ಆಸ್ಪತ್ರೆಯ ಕೇಸಿನಲ್ಲಿ ಮಾತು ಬದಲಾಯಿತು. 1978ರಲ್ಲಿ ಬೆಂಗಳೂರು ನೀರು ಸರಬರಾಜು ಮಂಡಳಿಯ ಪ್ರಕರಣದಲ್ಲಿ ಏಳು ನ್ಯಾಯಮೂರ್ತಿಗಳ ಪೀಠ ಮತ್ತೆ ಹಳೇ ಮಾತಿಗೆ ಬಂತು. 2009ರಲ್ಲಿ ಮಹಾರಾಷ್ಟ್ರದ ಸಾರಿಗೆ ನಿಗಮದ ಕೆಲಸಗಾರರ ಕೇಸು ಬಂತು. ವರ್ಷಾನುಗಟ್ಟಲೆ ತಾತ್ಕಾಲಿಕ ಅಂತ ಇಟ್ಟುಕೊಳ್ಳುವುದು ಅನುಚಿತ ಕಾರ್ಮಿಕ ಪದ್ಧತಿ ಅಂತ ಸಾಬೀತಾದರೆ, ಆ ರಾಜ್ಯದ ಕಾರ್ಮಿಕ ಕಾನೂನಿನಡಿ ಕೈಗಾರಿಕಾ ನ್ಯಾಯಾಲಯಕ್ಕೆ ಕಾಯಂ ಮಾಡಿಸುವ ಅಧಿಕಾರವಿದೆ, ಉಮಾದೇವಿ ತೀರ್ಪು ಅದನ್ನು ಕಿತ್ತುಕೊಂಡಿಲ್ಲ ಅಂತ ಅಲ್ಲಿ ತೀರ್ಮಾನವಾಯಿತು. ನೇರ ಹೈಕೋರ್ಟಿಗೆ ರಿಟ್ ಹಾಕಲು ಓಡುವ ಮುನ್ನ ನಮ್ಮ ಸಂಘಗಳು ಇದನ್ನು ಯೋಚಿಸಬೇಕು. ರಿಟ್‌ನಲ್ಲಿ ಸಾಕ್ಷಿ ವಿಚಾರಣೆ ಇರುವುದಿಲ್ಲ. ಡ್ಯೂಟಿ ಲಿಸ್ಟ್ ಬರೆದ ಸಿಸ್ಟರ್‌ನ ಕಟಕಟೆಗೆ ಕರೆಸಿ ಕೇಳುವ ಅವಕಾಶ ನ್ಯಾಯಮಂಡಳಿಯಲ್ಲೇ.

ಸಂಬಳದ ಹಕ್ಕು ಬೇರೆ. 2016ರ ಅಕ್ಟೋಬರ್ 26ರಂದು ಪಂಜಾಬ್ ಸರ್ಕಾರ ಮತ್ತು ಜಗಜೀತ್ ಸಿಂಗ್ ಪ್ರಕರಣದಲ್ಲಿ, ಕಾಯಂ ನೌಕರರು ಮಾಡುವ ಕೆಲಸವನ್ನೇ ಮಾಡುವ ತಾತ್ಕಾಲಿಕ ನೌಕರರಿಗೆ ಆ ಹುದ್ದೆಯ ವೇತನ ಶ್ರೇಣಿಯ ಕನಿಷ್ಠ ಸಂಬಳ ಕೊಡಬೇಕು ಅಂತ ಸುಪ್ರೀಂ ಕೋರ್ಟ್ ಹೇಳಿದೆ. ನೇರ ಗುತ್ತಿಗೆಯಲ್ಲಿರುವ ನರ್ಸ್, ಲ್ಯಾಬ್ ಟೆಕ್ನಿಶಿಯನ್, ಫಾರ್ಮಸಿಸ್ಟ್‌ಗಳಿಗೆ ಇದು ಹತ್ತಿರದ ದಾರಿ. ಕಾಯಂ ಆಗುವವರೆಗೆ ಕಾಯಬೇಕಾಗಿಲ್ಲ.

ಈಚೆಗೆ ಗಾಳಿ ತಿರುಗಿದೆ

2024ರ ಡಿಸೆಂಬರ್ 20ರಂದು ಸುಪ್ರೀಂ ಕೋರ್ಟ್ ಕೇಂದ್ರ ಜಲ ಆಯೋಗದ ಕೆಲವು ಕೆಲಸಗಾರರ ಕೇಸು ತೀರ್ಮಾನಿಸಿತು. ಕಚೇರಿ ಗುಡಿಸಿ ಒರೆಸುವ ಹೆಂಗಸರೂ ಅವರಲ್ಲಿದ್ದರು. ವರ್ಷಗಳ ಕಾಲ ದುಡಿಸಿಕೊಂಡು 2018ರ ಅಕ್ಟೋಬರ್‌ನಲ್ಲಿ ಒಮ್ಮೆಲೇ ತೆಗೆದುಹಾಕಿದ್ದರು. ನ್ಯಾಯಮೂರ್ತಿಗಳಾದ ವಿಕ್ರಮ್ ನಾಥ್ ಮತ್ತು ಪಿ.ಬಿ. ವರಾಳೆ ಅವರನ್ನು ವಾಪಸ್ ತೆಗೆದುಕೊಂಡು ಕಾಯಂ ಮಾಡಿ ಅಂದರು. ಉಮಾದೇವಿ ತೀರ್ಪನ್ನು ದೀರ್ಘಕಾಲ ದುಡಿದವರ ವಿರುದ್ಧ ಆಯುಧವಾಗಿ ಬಳಸಬಾರದು ಅಂತ ಬರೆದರು. ಹೊರಗುತ್ತಿಗೆಯನ್ನು ಗುರಾಣಿ ಮಾಡಿಕೊಳ್ಳುವುದನ್ನೂ ಹೆಸರು ಹಿಡಿದು ಟೀಕಿಸಿದರು. 2025ರ ಆಗಸ್ಟ್ 19ರಂದು ಉತ್ತರ ಪ್ರದೇಶದ ಕೆಲಸಗಾರರ ಕೇಸಿನಲ್ಲಿ ವಿಕ್ರಮ್ ನಾಥ್ ಮತ್ತು ಸಂದೀಪ್ ಮೆಹ್ತಾ ಅವರ ಪೀಠ ಇನ್ನೂ ಮುಂದೆ ಹೋಯಿತು. ಸರ್ಕಾರ ಸಂವಿಧಾನಕ್ಕೆ ಬದ್ಧವಾದ ಮಾಲೀಕ, ತೀರಾ ಮೂಲಭೂತ ಕೆಲಸ ಮಾಡುವವರ ಬೆನ್ನ ಮೇಲೆ ತನ್ನ ಬಜೆಟ್ ಸರಿದೂಗಿಸಿಕೊಳ್ಳುವಂತಿಲ್ಲ ಅಂತ ಹೇಳಿ, ಹುದ್ದೆ ಇಲ್ಲದಿದ್ದರೆ ಹೆಚ್ಚುವರಿ ಹುದ್ದೆ ಸೃಷ್ಟಿಸಿ ಅಂತ ಆದೇಶಿಸಿತು.

ಇವು ಇಬ್ಬರು ನ್ಯಾಯಮೂರ್ತಿಗಳ ಪೀಠದ ತೀರ್ಪುಗಳು. ಉಮಾದೇವಿ ಐವರದ್ದು. ಸರ್ಕಾರಿ ವಕೀಲರು ಇದನ್ನು ಹೇಳದೆ ಬಿಡುವುದಿಲ್ಲ. ಅಲ್ಲದೆ ಎರಡೂ ಕೇಸಿನಲ್ಲಿ ಕೆಲಸಗಾರರನ್ನು ಇಟ್ಟುಕೊಂಡದ್ದು ನೇರವಾಗಿ ಆ ಸಂಸ್ಥೆಗಳೇ. ಏಜೆನ್ಸಿಯ ಮೂಲಕ ಬಂದ ಆಸ್ಪತ್ರೆ ಆಯಾಗೆ ಮೊದಲ ಗೋಡೆ ಇನ್ನೂ ಹಾಗೇ ಇದೆ. ತೀರ್ಪು ಬಂತು ಅಂತ ಸಿಹಿ ಹಂಚುವಾಗ ಸಂಘದ ಮುಖಂಡರು ಇದನ್ನೂ ಕೆಲಸಗಾರರಿಗೆ ಹೇಳಲೇಬೇಕು. ಇಲ್ಲದಿದ್ದರೆ ಕೇಸಿನ ಖರ್ಚಿಗೆ ಅಂತ ಅವರು ಕೊಡುವ ಹಣಕ್ಕೆ ನಾವು ಮೋಸ ಮಾಡಿದ ಹಾಗೆ.

ಕೋರ್ಟಿನ ಆಚೆಯೂ ದಾರಿ ಇದೆ. 2022ರ ಜುಲೈಯಲ್ಲಿ ಪೌರಕಾರ್ಮಿಕರು ಪೊರಕೆ ಕೆಳಗಿಟ್ಟು ಮುಷ್ಕರ ಕೂತಾಗ ರಾಜ್ಯ ಸರ್ಕಾರ ಹಂತ ಹಂತವಾಗಿ ಕಾಯಂ ಮಾಡಲು ಒಪ್ಪಿತು. ಬೆಂಗಳೂರಿನಲ್ಲಿ ಅವರು ಅದಕ್ಕೂ ಮುಂಚೆಯೇ ಗುತ್ತಿಗೆದಾರರ ಕೈಯಿಂದ ಬಿಡಿಸಿಕೊಂಡು ಪಾಲಿಕೆಯಿಂದಲೇ ನೇರ ಸಂಬಳ ಪಡೆಯುವಂತೆ ಆಗಿದ್ದರು. ಆ ಕ್ರಮ ಗಮನಿಸಿ. ಮೊದಲು ಮಧ್ಯವರ್ತಿ ಹೋದ, ಆಮೇಲೆ ಕಾಯಂ ಬಂತು. ಆಸ್ಪತ್ರೆಗಳಲ್ಲೂ ಮೊದಲ ಬೇಡಿಕೆ ನೇರ ಪಾವತಿಯೇ ಆಗಬೇಕು ಅನ್ನುವುದು ನನ್ನ ಅಭಿಪ್ರಾಯ. ಅದು ಸಿಕ್ಕರೆ ಮೊದಲ ಗೋಡೆ ತಾನಾಗಿ ಬೀಳುತ್ತದೆ.

ಇನ್ನು ಜಿನೋವಾ. ಆ ತೀರ್ಪು ನಮ್ಮ ಕೋರ್ಟುಗಳಿಗೆ ಬದ್ಧವಲ್ಲ. ಆದರೆ ಅರ್ಜಿಯಲ್ಲಿ ಏನು ಕೇಳಬೇಕು ಅನ್ನುವುದನ್ನು ಅದರಿಂದ ಕಲಿಯಬಹುದು. ನಮ್ಮ ಅರ್ಜಿಗಳ ಕೊನೆಯ ಪುಟದಲ್ಲಿ ಸಾಮಾನ್ಯವಾಗಿ ಇರುವುದು ಒಂದೇ ಬೇಡಿಕೆ, ಕಾಯಂ ಮಾಡಿ. ಅದು ಬಿದ್ದರೆ ಎಲ್ಲವೂ ಬಿದ್ದಂತೆ. ಅದರ ಕೆಳಗೆ ಪರ್ಯಾಯ ಬೇಡಿಕೆಗಳನ್ನು ಬರೆಯಿಸಿ. ಕಾಯಂ ಸಾಧ್ಯವಿಲ್ಲವೆಂದು ಕೋರ್ಟ್ ಕಂಡರೆ, ಇಷ್ಟು ವರ್ಷ ದುರುಪಯೋಗ ಮಾಡಿಕೊಂಡದ್ದಕ್ಕೆ ತಿಂಗಳ ಸಂಬಳದ ಲೆಕ್ಕದಲ್ಲಿ ಪರಿಹಾರ ಕೊಡಿಸಿ. ಶ್ರೇಣಿಯ ಕನಿಷ್ಠ ಸಂಬಳದ ವ್ಯತ್ಯಾಸ ಕೊಡಿಸಿ. ಉಮಾದೇವಿ 55ನೇ ಪ್ಯಾರಾದಂತೆ ಮುಂದಿನ ನೇಮಕಾತಿಯಲ್ಲಿ ವಯಸ್ಸಿನ ಸಡಿಲಿಕೆ, ಅನುಭವಕ್ಕೆ ಅಂಕ ಕೊಡಿಸಿ. ಮಂಜೂರಾದ ಎಷ್ಟು ಹುದ್ದೆ ಎಷ್ಟು ವರ್ಷದಿಂದ ಖಾಲಿ ಇವೆ ಅಂತ ಆಸ್ಪತ್ರೆಯಿಂದ ಪ್ರಮಾಣಪತ್ರ ತರಿಸಿ. ಟೆಂಡರ್ ನವೀಕರಣದ ಪ್ರತಿ ಕಡತದಲ್ಲಿ ಸಹಿ ಹಾಕಿದ ಅಧಿಕಾರಿಯ ಹುದ್ದೆಯ ಹೆಸರನ್ನೂ ದಾಖಲೆಗೆ ತರಿಸಿ.